ಆಡಿದ್ದನ್ನು ಕಾಯ್ದಿಟ್ಟ ಶರಣಪ್ಪ

ನನ್ನ ಹೋಟೆಲಿನ ಅಡುಗೆಮನೆಗೆ ಚಪ್ಪಲಿ ಮೆಟ್ಟಿಕೊಂಡೇ ನುಗ್ಗುತ್ತಿದ್ದ ಶರಣಪ್ಪನವರು ಕಂಪ್ಯೂಟರಿನ ಮುಂದೆ ಕೂರುವಾಗ ಮಾತ್ರ ಅದನ್ನು ಬಾಗಿಲಾಚೆ ಬಿಟ್ಟು ಬರುತ್ತಿದ್ದರು. ನಾನು ಎಷ್ಟೋ ಸಲ ಗೊಣಗಿದ್ದೇನೆ. "ಅಲ್ಲ ಮಾರಾಯ್ರೆ, ಅನ್ನ ಬೇಯಿಸುವ ಜಾಗಕ್ಕಿಲ್ಲದ ಮಡಿ ಆ ತಗಡಿನ ಡಬ್ಬಿಗೆ ಯಾಕೆ?" ಅವರು ನನ್ನ ಒಲೆಯ ಮೇಲಿನ ಸಾಂಬಾರಿನ ಪಾತ್ರೆಯ ಮುಚ್ಚಳ ಎತ್ತಿ ನೋಡುತ್ತಾ, "ಶೆಟ್ರ, ನಿಮ್ಮ ಅನ್ನ ಸಂಜೀಕ ಮುಗಿತದ. ಅದರಾಗ ಜನರ ವರ್ಷಗಟ್ಟಲೆ ಆಯುಷ್ಯ ಕುಂತದ" ಎನ್ನುತ್ತಿದ್ದರು. ಮಾತಿನಲ್ಲಿ ಅವರನ್ನು ಗೆದ್ದ ನೆನಪು ನನಗಿಲ್ಲ.

ಮರಾಠಿ ಸೀಮೆಯ ಕಾರ್ಖಾನೆ ಊರು ಪಿಂಪ್ರಿಯಲ್ಲಿ ನನ್ನ ಹೋಟೆಲಿಗೆ ಅಂಟಿಕೊಂಡೇ ಅವರ ಅಂಗಡಿ. ಮುಂದುಗಡೆ ಕಂಪ್ಯೂಟರ್ ರಿಪೇರಿ, ಹಿಂದುಗಡೆ ಉದ್ದನೆಯ ಕತ್ತಲೆ ಕೋಣೆಯಲ್ಲಿ ಐದು ಯಂತ್ರ. ಗಂಟೆಯ ಲೆಕ್ಕದಲ್ಲಿ ವಿಡಿಯೋ ಗೇಮ್. ಶರಣಪ್ಪನವರ ತಂದೆತಾಯಿ ಯಾದಗಿರಿ ಕಡೆಯಿಂದ ಕಟ್ಟಡದ ಕೆಲಸಕ್ಕೆ ಬಂದವರು. ಇವರು ಕಾರ್ಖಾನೆಯಲ್ಲಿ ಕೆಲವು ವರ್ಷ ದುಡಿದು, ಕೆಲಸ ಹೋದ ಮೇಲೆ ಯಾರದೋ ಅಂಗಡಿಯಲ್ಲಿ ಸ್ಕ್ರೂ ಬಿಚ್ಚುತ್ತಾ ಬಿಚ್ಚುತ್ತಾ ಈ ವಿದ್ಯೆ ಕಲಿತಿದ್ದರು. ಗಿರಾಕಿಗಳೊಂದಿಗೆ ಮರಾಠಿ, ಹೆಂಡತಿ ನೀಲಮ್ಮನೊಂದಿಗೂ ನನ್ನೊಂದಿಗೂ ಕನ್ನಡ, ಯಂತ್ರ ಕೆಟ್ಟಾಗ ಅದರೊಂದಿಗೆ ಹಿಂದಿ. ನನ್ನ ಉಡುಪಿ ಕಡೆಯ ಕನ್ನಡ ಕೇಳಿದರೆ ಅವರಿಗೆ ನಗು. "ಪೇಪರ್ ಓದಿದಂಗ ಮಾತಾಡ್ತೀರಲ್ರಿ" ಎಂದು ಕಿಚಾಯಿಸುತ್ತಿದ್ದರು.

ನಮ್ಮ ಸ್ನೇಹ ಬೆಳೆದದ್ದು ನನ್ನ ದಡ್ಡತನದಿಂದ. ಬಿಲ್ ಹೊಡೆಯುವ ಕಂಪ್ಯೂಟರಿನಲ್ಲಿ ನಾನು ಕದ್ದುಮುಚ್ಚಿ ಮೂರು ಗೇಮ್ ತುಂಬಿಸಿದ್ದೆ. ಒಂದು ದಿನ ಜಾಗ ಸಾಲದೆ ಅದು ನಿಂತೇಹೋಯಿತು. ನಾನು ಪರದೆಯ ಮೇಲಿದ್ದ ಮೂರೂ ಚಿತ್ರಗಳನ್ನು ಅಳಿಸಿ ಹಾಕಿದೆ. ಆದರೂ ಜಾಗ ಹುಟ್ಟಲಿಲ್ಲ. ಶರಣಪ್ಪನವರನ್ನು ಕರೆದೆ. ಅವರು ಚಪ್ಪಲಿ ಬಿಟ್ಟು ಕೂತು, ನೋಡಿ, ಹೊಟ್ಟೆ ಹಿಡಿದುಕೊಂಡು ನಕ್ಕರು.

"ಬೋರ್ಡ್ ಕಿತ್ತಿ ಒಗೆದ್ರ ಹೋಟೆಲ್ ಹೋಗ್ತದೇನ್ರಿ ಶೆಟ್ರ? ಇದು ಬರೇ ಬೋರ್ಡು. ಆಟ ಒಳಗ ಕುಂತದ, ಡಿ ಡ್ರೈವಿನ್ಯಾಗ."

ಚಿತ್ರದ ಮೇಲೆ ಬಲಗುಂಡಿ ಒತ್ತಿ ಫೈಲ್ ಇರುವ ಜಾಗವನ್ನು ತೆರೆಯುವುದು, ಫೋಲ್ಡರನ್ನು ಕೈಯಿಂದ ಕಿತ್ತೆಸೆಯದೆ ಕ್ರಮವಾಗಿ ಅನ್‌ಇನ್‌ಸ್ಟಾಲ್ ಮಾಡುವುದು, ಎಲ್ಲವನ್ನೂ ಅವತ್ತು ತೋರಿಸಿಕೊಟ್ಟರು. ಅಳಿಸುವ ಮುಂಚೆ ಅವರ ಕೈ ನಿಂತಿತು. "ಈ ಆಟದಾಗ ಎಲ್ಲೀತನ ಬಂದಿದ್ರಿ?" ಎಂದು ಕೇಳಿದರು. ನಾನು ನಾಚಿಕೊಂಡು ಹದಿನಾಲ್ಕನೆಯ ಹಂತ ಎಂದೆ. ಅವರು ಇನ್ನೆಲ್ಲೋ ಹೋಗಿ, ಅಡಗಿಸಿಟ್ಟ ಫೋಲ್ಡರುಗಳನ್ನು ಕಾಣುವಂತೆ ಮಾಡಿ, ಬೆರಳುಗುರಿನಷ್ಟು ಒಂದು ಫೈಲನ್ನು ಎತ್ತಿ ತಮ್ಮ ಪೆನ್ ಡ್ರೈವಿಗೆ ಹಾಕಿಕೊಂಡರು.

"ನೆನಪ ಇಟ್ಕೋರಿ. ಆಟ ಒಂದು ಕಡಿ, ಆಡಿದ್ದು ಇನ್ನೊಂದು ಕಡಿ. ಆಟ ಅಂದ್ರ ನಿಮ್ಮ ಗ್ರೈಂಡರ್ ಇದ್ದಂಗ, ಕೆಟ್ರ ಪ್ಯಾಟ್ಯಾಗ ಮತ್ತೊಂದು ಸಿಗ್ತದ. ಆಡಿದ್ದು ರುಬ್ಬಿಟ್ಟ ಹಿಟ್ಟು. ಅದನ್ನ ಯಾರೂ ಮಾರಂಗಿಲ್ರಿ."

ನಾನು ತಲೆಯಾಡಿಸಿದೆ. ಆ ಹೊತ್ತಿಗೆ ಊಟದ ಗಿರಾಕಿಗಳು ಬರತೊಡಗಿದ್ದರು. ನನ್ನ ಒಂದು ಕಣ್ಣು ಆ ಗಿರಾಕಿಗಳ ಮೇಲಿತ್ತು.

ಶರಣಪ್ಪನವರ ಹಿಂದಿನ ಕೋಣೆಗೆ ಬರುತ್ತಿದ್ದವರು ಹೆಚ್ಚಾಗಿ ಗುತ್ತಿಗೆಯ ಮೇಲೆ ದುಡಿಯುವ ಕಾರ್ಖಾನೆಯ ಜನ. ಪಾಳಿ ಮುಗಿಸಿ, ಎಣ್ಣೆ ಮೆತ್ತಿದ ಕೈ ತೊಳೆದುಕೊಂಡು ಬಂದು ಒಂದು ತಾಸು ಆಡುವರು. ಇವತ್ತು ಇಲ್ಲಿದ್ದವರು ನಾಳೆ ಚಾಕಣಕ್ಕೋ ಇನ್ನೆಲ್ಲಿಗೋ. ಶರಣಪ್ಪನವರು ಒಬ್ಬೊಬ್ಬರು ಆಡಿದ್ದನ್ನೂ ಬೇರೆ ಡಿಸ್ಕಿನಲ್ಲಿ ತೆಗೆದಿಡುತ್ತಿದ್ದರು. ಬಸವರಾಜರೇ ನಾಲ್ಕು ಜನ ಇದ್ದುದರಿಂದ ಫೋಲ್ಡರುಗಳಿಗೆ ಊರು ಸೇರಿಸಿ ಹೆಸರು. ಎರಡು ವರ್ಷ ಕಾಣದೇ ಹೋಗಿದ್ದ ಒಬ್ಬ ಬಸವರಾಜ ಮದುವೆಯಾಗಿ, ಮೀಸೆ ಬಿಟ್ಟು ಬಂದು ಕೂತಾಗ ಇವರು ಆಟದಲ್ಲಿ ಅವನು ಓಡಿಸುತ್ತಿದ್ದ ಕಾರನ್ನು ನಿಲ್ಲಿಸಿ ಹೋಗಿದ್ದ ತಿರುವಿನಲ್ಲೇ ತಂದುಕೊಟ್ಟರು. ಆ ಮನುಷ್ಯ ಆಡುವುದನ್ನೇ ಮರೆತು ಪಕ್ಕದವರನ್ನೆಲ್ಲ ಕರೆದು ತೋರಿಸಿದ.

ಕೊನೆಯ ಯಂತ್ರದಲ್ಲಿ ಮಾತ್ರ ಯಾರೂ ಆಡುವಂತಿರಲಿಲ್ಲ. ಅದು ಅವರ ಮಗಳು ರೇಣುಕಾಳದು. ಅವಳನ್ನು ನಾನು ಬಲ್ಲೆ. ಕಾಲೇಜು ಮುಗಿಸಿ ಬಂದು ನನ್ನಲ್ಲಿ ಮಸಾಲೆ ದೋಸೆ ತಿಂದು, ಚಟ್ನಿಗೆ ಉಪ್ಪು ಸಾಲದು ಎಂದು ದೂರಿ ಹೋಗುವ ಹುಡುಗಿ. ಹತ್ತೊಂಬತ್ತು ತುಂಬಿದ ವರ್ಷ ಜ್ವರ ಬಂದು ಆರೇ ದಿನದಲ್ಲಿ ತೀರಿಕೊಂಡಳು. ಆ ಯಂತ್ರದಲ್ಲಿ ಅವಳು ಊರು ಕಟ್ಟುವ ಒಂದು ಹಳೆಯ ಆಟ ಆಡುತ್ತಿದ್ದಳು. ರಸ್ತೆ, ಶಾಲೆ, ಕೆರೆ, ಅಪ್ಪನಿಗೊಂದು ಅಂಗಡಿ, ಅವ್ವನಿಗೆ ಅಂಗಳವಿರುವ ಮನೆ, ಎಲ್ಲವನ್ನೂ ಎರಡು ವರ್ಷ ಕೂತು ಕಟ್ಟಿದ್ದಳಂತೆ.

ಪ್ರತಿ ಅಮಾವಾಸ್ಯೆ ಶರಣಪ್ಪನವರು ಅಂಗಡಿಯ ಯಂತ್ರಗಳಿಗೆಲ್ಲ ಪೂಜೆ ಮಾಡಿ, ಹೊಸ್ತಿಲಲ್ಲಿ ಕಾಯಿ ಒಡೆಯುತ್ತಿದ್ದರು. ಆಮೇಲೆ ನೀಲಮ್ಮ ಸೆರಗು ಹೊದ್ದುಕೊಂಡು ಹಿಂದಿನ ಕೋಣೆಗೆ ಹೋಗುವರು. ಗಂಡಹೆಂಡಿರು ಕೊನೆಯ ಯಂತ್ರ ಹಚ್ಚಿ ಮಗಳ ಊರನ್ನು ನೋಡುವರು. ಐದೇ ನಿಮಿಷ. ಒಂದು ಕಲ್ಲನ್ನೂ ಆಚೀಚೆ ಸರಿಸುತ್ತಿರಲಿಲ್ಲ. ನಾನು ಪ್ರಸಾದಕ್ಕೆ ಹೊರಗೆ ಕಾಯುತ್ತಿದ್ದೆ.

ಊರವರದನ್ನೆಲ್ಲ ಜೋಪಾನ ಮಾಡುವ ಮನುಷ್ಯ ಮಗಳದಕ್ಕೆ ನಕಲು ಇಟ್ಟಿರಲಿಲ್ಲ. ನಾನು ಒಮ್ಮೆ ಕೇಳಿಯೇಬಿಟ್ಟೆ. ಅವರ ಮುಖ ಬಿಗಿಯಿತು. "ಅಕಿ ಒಬ್ಬಾಕೀನ ಇದ್ಲು ಶೆಟ್ರ. ಎರಡು ಮಾಡಿ ಇಡಾಕ ಮನಸ ಬರಂಗಿಲ್ಲ." ಇದೆಂಥ ಹಠ ಎಂದು ನನಗೆ ಸಿಟ್ಟೇ ಬಂತು. ಈಗ ಆ ಸಿಟ್ಟು ನೆನೆದರೆ ನನ್ನ ಮೇಲೆ ನನಗೇ ಹೇಸಿಗೆಯಾಗುತ್ತದೆ.

ಹೋದ ವರ್ಷ ಆ ಯಂತ್ರದೊಳಗಿನ ಡಿಸ್ಕು ಟಕ್ ಟಕ್ ಎನ್ನತೊಡಗಿತು. ಅದೇ ವಾರ ಶರಣಪ್ಪನವರ ಎದೆ ಹಿಡಿದುಕೊಂಡಿತು. ಆಸ್ಪತ್ರೆಯಿಂದ ಫೋನ್ ಮಾಡಿದರು. ಉಸಿರು ಎಳೆದೆಳೆದು ಮಾತು. "ಶೆಟ್ರ, ಡಿಸ್ಕು ಇನ್ನ ಭಾಳ ದಿನ ತಡಿಯಂಗಿಲ್ಲ. ಹೊಸದು ಕಪಾಟಿನ್ಯಾಗ ಅದ. ರೇಣುನ ಆಟ ಅದಕ್ಕ ಹಾಕ್ರಿ. ನಿಮಗ ಎಲ್ಲಾ ಗೊತ್ತದ."

ಗೊತ್ತಿತ್ತು. ಎಲ್ಲ ಕಲಿಸಿದ್ದರು. ನಾನು ಮಧ್ಯಾಹ್ನದ ಗದ್ದಲದ ನಡುವೆ ಹೋಗಿ, ಹೊಸ ಡಿಸ್ಕಿಗೆ ಬೇಕಾದ್ದನ್ನೆಲ್ಲ ತುಂಬಿ, ಡಿ ಡ್ರೈವಿನಲ್ಲಿದ್ದ ಆಟದ ಇಡೀ ಫೋಲ್ಡರನ್ನು ನಕಲು ಮಾಡಿದೆ. ಅಷ್ಟು ದೊಡ್ಡ ಫೋಲ್ಡರು. ಅದರೊಳಗೆ ಎಲ್ಲವೂ ಇರಲೇಬೇಕು ಎಂದುಕೊಂಡೆ. ಆಟ ತೆರೆದೆ. ಸಂಗೀತ ಬಂತು, ಹೆಸರು ಬಂತು. ಇನ್ನು ಒಂದು ಗುಂಡಿ ಒತ್ತಿದ್ದರೆ ಸಾಕಿತ್ತು. ನನ್ನ ಕೈ ಹಿಂದೆ ಸರಿಯಿತು. ಅಪ್ಪ ಅವ್ವ ಇಬ್ಬರೇ ನೋಡುವ ಊರು, ಸತ್ತ ಹುಡುಗಿಯ ಊರು, ಕರೆಯದೆ ಒಳಗೆ ಹೋಗಬಾರದು ಎಂದು ಯಂತ್ರ ಆರಿಸಿದೆ. ಹಳೆಯ ಡಿಸ್ಕನ್ನು ತೂತು ಬಿದ್ದ ಎಣ್ಣೆ ಡಬ್ಬಿಗಳ ಜೊತೆ ಇಲ್ಲಿನವರು ಭಂಗಾರದವನು ಎನ್ನುವ ಗುಜರಿಯವನಿಗೆ ಹಾಕಿದೆ. ದೊಡ್ಡ ಉಪಕಾರ ಮಾಡಿದೆನೆಂದು ಅವತ್ತು ಬೀಗಿದ್ದೆ ಕೂಡ.

ಅಮಾವಾಸ್ಯೆಯ ಹೊತ್ತಿಗೆ ಶರಣಪ್ಪನವರು ಆಸ್ಪತ್ರೆಯಿಂದ ಮನೆಗೆ ಬಂದಿದ್ದರು. ನೀಲಮ್ಮನ ಭುಜ ಹಿಡಿದು ಅಂಗಡಿಗೆ ಬಂದು, ಪೂಜೆ ಮಾಡಿ, ಅವತ್ತು ನನ್ನನ್ನೂ ಒಳಗೆ ಕರೆದರು. "ನೀವು ಉಳಿಸಿದ್ರಿ, ನೀವೂ ನೋಡ್ರಿ." ಆಟ ತೆರೆಯಿತು. ‘ಹೊಸ ಆಟ’ ಎಂಬ ಅಕ್ಷರ ಬೆಳಗುತ್ತಿತ್ತು. ಅದರ ಕೆಳಗೆ ‘ಮುಂದುವರಿಸು’ ಎಂಬುದು ಬೂದಿ ಬಣ್ಣಕ್ಕೆ ತಿರುಗಿತ್ತು. ಒತ್ತಿದರೆ ಏನೂ ಆಗಲಿಲ್ಲ. ಶರಣಪ್ಪನವರು ಮೂರು ಸಲ ಒತ್ತಿದರು. ನಂತರ ಆ ಅಡಗಿದ ಫೋಲ್ಡರು ಇರಬೇಕಾದ ಜಾಗಕ್ಕೆ ಹೋದರು. ಅಲ್ಲಿ ಏನೂ ಇರಲಿಲ್ಲ. ನಾನು ತಂದದ್ದು ಆಟ ಮಾತ್ರ, ಅವಳು ಆಡಿದ್ದು ಹಳೆಯ ಡಿಸ್ಕಿನಲ್ಲೇ ಉಳಿದಿತ್ತು.

"ಹಳೀ ಡಿಸ್ಕ್ ಎಲ್ಲದರಿ ಶೆಟ್ರ?"

ನಾನು ಅವರ ಕಿವಿಯ ಬಳಿ ಬಾಗಿ ಹೇಳಿದೆ. ಅವರು ಹೆಂಡತಿಯ ಕಡೆ ತಿರುಗಿ, "ಡಿಸ್ಕ್ ಸತ್ತು ಹೋಗ್ಯದ. ಯಾರ ತಪ್ಪೂ ಅಲ್ಲ" ಎಂದರು.

ನೀಲಮ್ಮ ಸೆರಗು ಎಳೆದುಕೊಂಡರು. "ಎರಡ್ನೇ ಸಲ ಹೋದ್ಲು" ಎಂದು ಎದ್ದು ಹೋದರು. ಆಮೇಲೆ ಅವರು ಅಂಗಡಿಗೆ ಕಾಲಿಡಲಿಲ್ಲ.

ಮರುದಿನ ನಾವಿಬ್ಬರೂ ಭಂಗಾರದವನ ಗುಡಿಸಲಿಗೆ ಹೋದೆವು. ಡಿಸ್ಕುಗಳನ್ನು ಸುತ್ತಿಗೆಯಿಂದ ಒಡೆದು ಅಲ್ಯೂಮಿನಿಯಂ ಬೇರೆ ಮಾಡಿ ಆಗಲೇ ಕಳಿಸಿದ್ದ. ಶರಣಪ್ಪನವರು ಉಳಿದ ಗುಜರಿಯ ರಾಶಿಯ ಮುಂದೆ ಕುಕ್ಕರುಗಾಲಲ್ಲಿ ಕೂತು, ಹೊಳೆಯುವ ಒಂದೆರಡು ಚೂರು ಎತ್ತಿ ನೋಡಿ ಕೆಳಗಿಟ್ಟರು. ನಾನು ಕ್ಷಮೆ ಕೇಳಿದೆ. "ಇರ್ಲಿ ಬಿಡ್ರಿ" ಎಂದರು. ಬೈದಿದ್ದರೆ ಚೆನ್ನಾಗಿತ್ತು.

ಅಂದಿನಿಂದ ಅವರು ದಿನಾ ಬೆಳಿಗ್ಗೆ ಗಿರಾಕಿಗಳು ಬರುವ ಮುಂಚೆ ಕೊನೆಯ ಯಂತ್ರದ ಮುಂದೆ ಕೂರತೊಡಗಿದರು. ಜೀವನದಲ್ಲಿ ಒಂದು ಆಟವನ್ನೂ ಆಡದಿದ್ದ ಮನುಷ್ಯ, ಮಗಳ ಊರನ್ನು ನೆನಪಿನಿಂದ ಮತ್ತೆ ಕಟ್ಟಲು ಹೊರಟಿದ್ದರು. ಮುಗಿದ ಮೇಲೆ ನೀಲಮ್ಮನನ್ನು ಕರೆತರಬೇಕು, ಅಷ್ಟೇ ಅವರ ಆಸೆ. ರಸ್ತೆ ಸೊಟ್ಟಗೆ ಹೋಗುತ್ತಿತ್ತು, ಮನೆಗಳಿಗೆ ನೀರು ಬರುತ್ತಿರಲಿಲ್ಲ. ಅಳಿಸಿ ಮತ್ತೆ ಹಾಕುವರು. ಡಾಕ್ಟರು ಮಲಗಿ ಎಂದಿದ್ದರು. ಇವರು ಕೇಳುವ ಜಾತಿಯಲ್ಲ.

ಅವರು ತೀರಿಕೊಳ್ಳುವ ಮೂರು ದಿನ ಮುಂಚೆ ಚಹಾ ಹಿಡಿದುಕೊಂಡು ಹೋದೆ. ಪರದೆಯ ಮೇಲೆ ಒಂದು ಶಾಲೆ, ಅದರ ಸುತ್ತ ಖಾಲಿ ಬಯಲು. ಅವರು ಬಹಳ ಹೊತ್ತಿನಿಂದ ಅಲ್ಲೇ ಸಿಕ್ಕಿಕೊಂಡಿದ್ದರು.

"ಬಂದ್ರೇನು? ಬರ್ರಿ. ಕೆರಿ ಸಾಲಿಗೆ ಎಡಕ್ಕಿತ್ತೋ ಬಲಕ್ಕಿತ್ತೋ, ನೆನಪ ಆಗವಲ್ದು. ನೀವು ಡಿಸ್ಕ್ ಹಾಕುವಾಗ ಹಳೇದ್ರಾಗ ತಗದು ನೋಡಿರಬೇಕಲ್ಲ?"

"ನೋಡಲಿಲ್ಲ."

"ಒಮ್ಮಿನೂ?"

"ಒಮ್ಮೆಯೂ ಇಲ್ಲ ಶರಣಪ್ಪನವರೇ. ನೀವಿಬ್ಬರೇ ನೋಡುವುದು ಅಂತ ನಾನು ಹೊರಗೇ ನಿಲ್ಲುತ್ತಿದ್ದೆ."

ಅವರು ಮೌಸಿನಿಂದ ಕೈ ತೆಗೆದು ನನ್ನ ಮುಖ ನೋಡಿದರು.

"ನೋಡ್ಬೇಕಿತ್ರಿ" ಎಂದರು. "ಭಾಳ ಚಲೋ ಕಟ್ಟಿದ್ಲು."

ಮತ್ತೆ ಪರದೆಗೆ ತಿರುಗಿ ಎಡಗಡೆ ಕೆರೆ ತೋಡಿದರು. ಸ್ವಲ್ಪ ಹೊತ್ತು ನೋಡಿ, ಅದನ್ನು ಅಳಿಸಿ, ಬಲಗಡೆ ತೋಡಿದರು.