ಗಣಿಯ ಬಾಗಿಲಲ್ಲಿ ಸಿರಿಲ್

ನನ್ನ ಅಕ್ಕ ಎನಿಡ್‌ಳ ಗಂಡ ಸಿರಿಲ್ ಮಾಟ್ರಮ್ ನಲವತ್ತು ವರ್ಷ ನಟನೆಯಲ್ಲೇ ಹೊಟ್ಟೆ ಹೊರೆದ. ನಾಟಕ, ಸಿನಿಮಾ, ಟೀವಿ ಎಲ್ಲದರಲ್ಲೂ ಅವನಿದ್ದ, ಹೆಚ್ಚಾಗಿ ಪೊಲೀಸ್ ಪೇದೆಯಾಗಿ. ಅದು ತಪ್ಪಿದರೆ ಬಾಗಿಲು ತೆರೆಯುವ ಆಳು, ಇಲ್ಲವೇ ಶುರುವಿನಲ್ಲೇ ಕೊಲೆಯಾಗುವ ಪಾದ್ರಿ. ನಮ್ಮೂರು ಸ್ಟಾಕ್‌ಪೋರ್ಟಿನ ಬಸ್ಸಿನಲ್ಲಿ ಹೆಂಗಸರು ಅವನನ್ನು ದಿಟ್ಟಿಸಿ ನೋಡುತ್ತಿದ್ದರು.

“ಎಲ್ಲೋ ನೋಡಿದೀನಲ್ಲ ನಿಮ್ಮನ್ನ? ಗ್ಯಾಸ್ ರಿಪೇರಿಗೆ ಬಂದಿದ್ರಾ?”

“ಬಂದಿದ್ದೆ ತಾಯಿ. ಈಗ ಸರಿಯಾಗಿ ಉರೀತಿದೆ ತಾನೆ?” ಎಂದು ಟೋಪಿ ಎತ್ತುತ್ತಿದ್ದ.

1963ರಲ್ಲಿ ಟೀವಿಯವರು ಗಣಿ ಕುಸಿತದ ನಾಟಕವೊಂದನ್ನು ಕೈಗೆತ್ತಿಕೊಂಡರು. ಒಳಗೆ ಸಿಕ್ಕಿಬಿದ್ದ ಮಗನಿಗಾಗಿ ಗಣಿಯ ಬಾಗಿಲಲ್ಲಿ ಕಾಯುವ ಅಪ್ಪನದೇ ಮುಖ್ಯ ಪಾತ್ರ. ಅದನ್ನು ಮಾಡಬೇಕಿದ್ದ ದೊಡ್ಡ ನಟ ತಾಲೀಮಿನಲ್ಲಿ ಜಾರಿ ಬಿದ್ದು ಸೊಂಟ ಮುರಿದುಕೊಂಡ. ಅಲ್ಲೂ ಪೇದೆಯಾಗಿದ್ದ ಸಿರಿಲ್‌ಗೆ ಎಲ್ಲರ ಮಾತೂ ಬಾಯಿಪಾಠ. ಬೇರೆ ದಾರಿ ಕಾಣದೆ ನಿರ್ದೇಶಕ ಆ ಪಾತ್ರಕ್ಕೆ ಅವನನ್ನೇ ನಿಲ್ಲಿಸಿದ.

ಅವನು ಗಣಿಯವರ ಮನೆಯಲ್ಲಿ ಹುಟ್ಟಿದವನೆಂದು ಆ ನಿರ್ದೇಶಕನಿಗೆ ತಿಳಿದಿರಲಿಲ್ಲ. ವಿಗನ್ ಊರಿನ ಹತ್ತಿರದ ಗಣಿ ಕುಸಿದಾಗ ಸಿರಿಲ್‌ನ ಅಣ್ಣ ಒಳಗೇ ಉಳಿದುಹೋಗಿದ್ದ. ಅಪ್ಪ ಹೀಗೆಯೇ ಕಾದಿದ್ದ. ಸಿರಿಲ್ ಅದನ್ನು ಹೆಂಡತಿಯ ಹತ್ತಿರವೂ ಬಿಡಿಸಿ ಹೇಳಿದವನಲ್ಲ.

ನಾಟಕ ಟೀವಿಯಲ್ಲಿ ಬಂದ ಸಂಜೆ ಎನಿಡ್ ಹೊಟ್ಟೆ ಕೊಯ್ಸಿಕೊಂಡು ಆಸ್ಪತ್ರೆಯಲ್ಲಿದ್ದಳು. ವಾರ್ಡಿನ ಟೀವಿ ಆರಿಸಲು ನರ್ಸ್ ಬಂದಾಗ ಅಂಗಲಾಚಿದಳಂತೆ.

“ಸಿಸ್ಟರ್, ಇವತ್ತು ನನ್ನ ಗಂಡ ಬರ್ತಾನೆ.”

“ನೋಡೋಕೆ ಬರೋ ಹೊತ್ತು ಮುಗೀತಮ್ಮ. ನಾಳೆ ಬರ್ಲಿ.”

“ಇಲ್ಲಿಗಲ್ಲ, ಟೀವೀಲಿ!”

“ಎಲ್ಲರ ಗಂಡಂದಿರೂ ಟೀವೀಲಿ ಬಂದ್ರೆ ಕಾಯಿಲೆಯವರು ನಿದ್ದೆ ಮಾಡೋದು ಯಾವಾಗ?” ಎಂದು ಅವಳು ಗುಂಡಿ ತಿರುಗಿಸಿಯೇಬಿಟ್ಟಳು.

ನಾನು ಅಕ್ಕನ ಮನೆಯಲ್ಲಿ ನೋಡಿದೆ. ಸಿರಿಲ್ ಹಿತ್ತಿಲಲ್ಲಿ ಸಿಗರೇಟು ಸೇದುತ್ತ ನಿಂತಿದ್ದ. “ಮತ್ತೆ ಹಾಕ್ತಾರಲ್ಲ ವಿನ್ನಿ, ಆಗ ಎನಿಡ್ ಜೊತೆ ಕೂತು ನೋಡ್ತೀನಿ” ಅಂದ. ನನ್ನ ಚಹಾ ಕೈಯಲ್ಲೇ ಆರಿತು. ಪರದೆಯ ಮೇಲಿದ್ದವನು ನಮ್ಮ ಸಿರಿಲ್ ಅಲ್ಲವೇ ಅಲ್ಲ.

ಎನಿಡ್ ಮನೆಗೆ ಬಂದಳು. ವಸಂತ ಹೋಯಿತು, ಬೇಸಿಗೆಯೂ ಹೋಯಿತು, ನಾಟಕ ಮತ್ತೆ ಬರಲಿಲ್ಲ. ಕೊನೆಗೆ ಸಿರಿಲ್ ಮ್ಯಾಂಚೆಸ್ಟರಿನ ಟೀವಿ ಆಫೀಸಿಗೆ ಹೋದ, ಜೊತೆಗೆ ನಾನೂ ಹೋದೆ. ಅಲ್ಲಿದ್ದ ಹುಡುಗಿ ಪಾಪ, ಒಳಗೆ ಹೋಗಿ ಹುಡುಕಿಸಿ ಬಂದಳು.

“ಟೇಪು ದುಬಾರಿ ಸರ್, ಅಳಿಸಿ ಮತ್ತೆ ಬಳಸ್ತಾರೆ. ಅದರ ಮೇಲೆ ಈಗ ಕುದುರೆ ಜಿಗಿತದ ಪಂದ್ಯ ಇದೆ.”

ಸಿರಿಲ್, “ಕುದುರೆಗಳು ಚೆನ್ನಾಗಿ ಜಿಗಿದ್ವಾ?” ಎಂದು ಕೇಳಿದ. ನಗಬೇಕೋ ಬೇಡವೋ ಆ ಹುಡುಗಿಗೆ ತಿಳಿಯಲಿಲ್ಲ. ಯಾರ ಮೇಲೆ ಸಿಟ್ಟಾಗಬೇಕೋ ನಮಗೂ ತಿಳಿಯಲಿಲ್ಲ.

ಎನಿಡ್ ಮಾತ್ರ ಬಿಡಲಿಲ್ಲ. “ಮಾತೆಲ್ಲ ನೆನಪಿದೆ ತಾನೆ? ಇಲ್ಲೇ ಮಾಡು, ನಾನು ನೋಡ್ತೀನಿ.”

ಭಾನುವಾರ ಊಟವಾದ ಮೇಲೆ ಅವನು ಟೋಪಿ ಹಾಕಿಕೊಂಡು ಅಡುಗೆಮನೆಯ ಬಾಗಿಲಲ್ಲಿ ನಿಂತ. ಒಂದು ಮಾತೂ ತಪ್ಪಲಿಲ್ಲ. ಆದರೆ ಪೇದೆಯೊಬ್ಬ ಕೋರ್ಟಿನಲ್ಲಿ ಸಾಕ್ಷಿ ಹೇಳಿದ ಹಾಗಿತ್ತು. ಅದು ಅವನಿಗೇ ಗೊತ್ತಾಯಿತು. ನಡುವೆಯೇ ನಿಲ್ಲಿಸಿಬಿಟ್ಟ.

“ಆವತ್ತು ಅಪ್ಪ ನನ್ನೊಳಗೆ ಬಂದಿದ್ದ, ಎನಿಡ್. ಇವತ್ತು ಬರ್ತಿಲ್ಲ. ಏನ್ ಮಾಡ್ಲಿ?”

ಎನಿಡ್ ನನ್ನತ್ತ ತಿರುಗಿದಳು. “ನೀನಾದ್ರೂ ಹೇಳೇ, ಆವತ್ತು ಟೀವೀಲಿ ಹೇಗಿತ್ತು?”

“ಚೆನ್ನಾಗಿತ್ತು ಅಕ್ಕ. ತುಂಬಾ ಚೆನ್ನಾಗಿತ್ತು” ಅಂದೆ. ಬೇಕರಿಯಲ್ಲಿ ಬನ್ನು ಮಾರುವವಳು ನಾನು. ಅದಕ್ಕಿಂತ ಹೆಚ್ಚು ಬಾಯಿಗೆ ಬರಲಿಲ್ಲ.

ಸೋಮವಾರ ಬೆಳಿಗ್ಗೆ ಸಿರಿಲ್ ರೈಲು ಹಿಡಿದು ಲಂಡನ್ನಿಗೆ ಹೋದ. ಅಲ್ಲಿ ಮತ್ತೆ ಪೇದೆಯ ಪಾತ್ರ. ಇನ್ನೂ ಹನ್ನೆರಡು ವರ್ಷ ದುಡಿದ, ಅಂಥ ಪಾತ್ರವನ್ನು ಮತ್ತೆ ಯಾರೂ ಕೊಡಲಿಲ್ಲ. ಎನಿಡ್ ಅವನಿಗಿಂತ ಮೊದಲೇ ತೀರಿಕೊಂಡಳು, ಆ ನಾಟಕವನ್ನು ನೋಡದೆಯೇ.