ಆ ಸಿನಿಮಾದ ದನಿ ಈ ಸೊಪ್ಪಿನಂಗಡಿಯಲ್ಲಿದೆ

ಬೆಳಕು ಹರಿಯುವ ಮುನ್ನವೇ ನಮ್ಮ ಲಿಸ್ಬನ್ ಮಾರುಕಟ್ಟೆಯಲ್ಲಿ ಜೆಸುಯಿನಾ ಅವರ ಕೈಯಂತ್ರ ಕರಕರ ಎನ್ನುತ್ತದೆ. ಅಗಲ ಎಲೆಯ ಕೋಸುಸೊಪ್ಪನ್ನು ಸುರುಳಿ ಸುತ್ತಿ ಯಂತ್ರದ ಬಾಯಿಗೆ ಒತ್ತಿ ಹಿಡಿ ತಿರುಗಿಸಿದರೆ, ಸೂಪಿಗೆ ಬೇಕಾದ ಸೊಪ್ಪು ಎಳೆಎಳೆಯಾಗಿ ಬುಟ್ಟಿಗೆ ಬೀಳುತ್ತದೆ. “ಇನ್ನೂ ಸಣ್ಣಗೆ ಹೆಚ್ಚೇ ಮಾರಾಯ್ತಿ, ನಿನ್ನ ಗಂಡನಿಗೆ ಹಲ್ಲಿಲ್ಲ,” ಎಂದು ಪಕ್ಕದ ಮೀನಿನಂಗಡಿಯ ಆಲ್ಬರ್ಟಿನಾ ಛೇಡಿಸುತ್ತಾರೆ. ಜೆಸುಯಿನಾ ನಕ್ಕು ಮತ್ತೆ ಹಿಡಿ ತಿರುಗಿಸುತ್ತಾರೆ. ಅರವತ್ತೆಂಟರ ಈ ಹೆಂಗಸಿನ ಹಾಡನ್ನು ಊರೆಲ್ಲ ಕೇಳಿದೆ, ಹಾಡಿದ್ದು ಯಾರೆಂದು ಮಾತ್ರ ಯಾರಿಗೂ ಗೊತ್ತಿಲ್ಲ.

ಹರೆಯದಲ್ಲಿ ಭಾನುವಾರದ ಮಧ್ಯಾಹ್ನ ಬೀದಿ ಮೂಲೆಯ ಹೆಂಡದಂಗಡಿಯಲ್ಲಿ ಅವರು ಫಾದೊ ಹಾಡುತ್ತಿದ್ದರು. ಹೆಗಲಿಗೆ ಕಪ್ಪು ಶಾಲು, ಕಣ್ಣು ಮುಚ್ಚಿ. ನಮ್ಮಲ್ಲಿ ಆ ಅಳಲಿನ ಹಾಡನ್ನು ಹಾಡುವುದೇ ಹಾಗೆ. ಬಂದರಿನಲ್ಲಿ ಕ್ರೇನ್ ನಡೆಸುತ್ತಿದ್ದ ಗಾಸ್ಪಾರ್ ಹಾಡು ಕೇಳಿ ಮನಸೋತು ಮದುವೆಯಾದರು. ಆಮೇಲೆ ಅದೇ ಹಾಡು ಅವರ ಹೊಟ್ಟೆ ಉರಿಸಿತು. ಕಣ್ಣು ಮುಚ್ಚಿಕೊಂಡು ಯಾರನ್ನು ನೆನೆಸಿಕೊಳ್ಳುತ್ತೀಯ ಎಂದು ಪ್ರತಿ ಭಾನುವಾರ ಕೇಳುತ್ತಿದ್ದರಂತೆ. “ಯಾರನ್ನೂ ಇಲ್ಲ ಅಂದ್ರೆ ನಂಬ್ತಿರಲಿಲ್ಲ ಮಗಳೇ. ಸಾಕಾಗಿ ಹಾಡೋದೇ ಬಿಟ್ಟೆ,” ಎಂದು ಜೆಸುಯಿನಾ ಪೇಪರಿಗೆ ಬರೆಯುವ ನನಗೆ ಹೇಳಿದರು.

ಅಷ್ಟರಲ್ಲಿ ಫ್ರಾನ್ಸಿನವರು ಬಂದು ನಮ್ಮ ಓಣಿಗಳಲ್ಲಿ ಒಂದು ಸಿನಿಮಾ ತೆಗೆದರು. ಫಾದೊ ಹಾಡುವ ಹೆಂಡತಿ, ಅವಳ ಒಂದೊಂದು ಹಾಡಿನಲ್ಲೂ ಬೇರೊಬ್ಬ ಗಂಡಸನ್ನು ಹುಡುಕಿ ಹುಚ್ಚನಾಗುವ ಗಂಡ. ನಾಯಕಿಗೆ ಹಾಡಲು ಬರದು. ಹೆಂಡದಂಗಡಿಯ ಮುದಿ ಗಿಟಾರ್ ವಾದಕರು ಗುಟ್ಟಾಗಿ ಜೆಸುಯಿನಾ ಅವರನ್ನು ಕರೆದೊಯ್ದರು. ಗಂಡನಿಗೆ ತಿಳಿಯದಿರಲೆಂದು, ಎಲ್ಲಿಯೂ ತಮ್ಮ ಹೆಸರು ಹಾಕಬಾರದು ಎಂಬ ಷರತ್ತಿನ ಮೇಲೆ ಆಕೆ ನಾಯಕಿಯ ಬದಲು ಹಾಡಿದರು.

ಹೆಂಡತಿಯನ್ನು ಆ ಸಿನಿಮಾಕ್ಕೆ ಕರೆದುಕೊಂಡು ಹೋದವರು ಗಾಸ್ಪಾರ್ ಅವರೇ. ಹಾಡು ಬಂದಾಗಲೆಲ್ಲ ಬಿಕ್ಕಿ ಬಿಕ್ಕಿ ಅತ್ತರು. ಹಾಡಿದರೆ ಹೀಗೆ ಹಾಡಬೇಕು ಎಂದು ದಾರಿಯುದ್ದಕ್ಕೂ ಹೇಳಿದರು. ಮರುದಿನವೇ ರೆಕಾರ್ಡ್ ತಂದರು, ವರ್ಷಗಟ್ಟಲೆ ಮನೆಯಲ್ಲಿ ಅದೇ. ಹೆಂಡತಿಯ ದನಿ ಗುರುತಾಗಲಿಲ್ಲವೇ ಎಂದು ನಾನು ಜೆಸುಯಿನಾ ಅವರನ್ನು ಕೇಳಿದೆ. ಪರದೆಯ ಮೇಲೆ ಅಷ್ಟು ಚೆಂದದ ಮುಖ ಇತ್ತಲ್ಲ ಎಂದರು. ನನಗೆ ಗಾಸ್ಪಾರ್ ಮೇಲೆ ಕೆಟ್ಟ ಕೋಪ ಬಂತು. “ಪಾತ್ರೆ ತೊಳೀತಾ ನನ್ನ ದನಿ ಮೇಲೆ ನಾನೇ ಹೊಟ್ಟೆಕಿಚ್ಚು ಪಟ್ಟಿದೀನಿ,” ಎಂದರು ಜೆಸುಯಿನಾ. ಆಗ ಕೈಯಂತ್ರ ನಿಂತಿತ್ತು.

ಈಗ ಗಾಸ್ಪಾರ್ ಲಕ್ವ ಹೊಡೆದು ಹಾಸಿಗೆ ಹಿಡಿದಿದ್ದಾರೆ. ಕಳೆದ ಚಳಿಗಾಲದಲ್ಲಿ ಜೆಸುಯಿನಾ ಮನಸ್ಸು ಗಟ್ಟಿ ಮಾಡಿ ನಿಜ ಹೇಳಿದರು. ಗಂಡ ನಕ್ಕುಬಿಟ್ಟರು. “ಅವಳ ದನಿ ಎಲ್ಲಿ, ನೀನೆಲ್ಲಿ. ಹೋಗಿ ಸೊಪ್ಪು ಹೆಚ್ಚೇ.” ಆಕೆ ಮಂಚದ ಪಕ್ಕ ಕೂತು ಅದೇ ಹಾಡು ಎತ್ತಿಕೊಂಡರು. ಈ ಸಲ ಕಣ್ಣು ಮುಚ್ಚಲಿಲ್ಲ, ಗಂಡನ ಮುಖವನ್ನೇ ನೋಡುತ್ತ ಹಾಡಿದರು. ಮೇಲಿನ ಸ್ವರ ಮುಟ್ಟುವಾಗ ದನಿ ಒಡೆಯಿತು.

ಇದನ್ನೆಲ್ಲ ಹೆಸರು ಹಾಕಿ ಬರೆಯಲೇ ಎಂದು ಕೇಳಿದೆ. ಬರಿ ಎಂದರು. ಪೇಪರಿನಲ್ಲಿ ಬಂದದ್ದನ್ನು ಅವನು ನಂಬುತ್ತಾನೆ, ನಾನೇ ಓದಿ ಹೇಳುತ್ತೇನೆ, ನನಗೆ ಅಷ್ಟೇ ಸಾಕು ಎಂದರು. ಆ ದಿನ ಹಾಡು ಕೇಳಿ ಗಾಸ್ಪಾರ್ ಏನಂದರು ಎಂದೆ. ಜೆಸುಯಿನಾ ಬುಟ್ಟಿಯ ಸೊಪ್ಪು ಕೆದಕಿದರು.

“ಕಣ್ಣು ಮುಚ್ಚಿಕೊಂಡ. ಯಾರನ್ನ ನೆನೆಸ್ಕೋತಿದೀಯ ಅಂತ ನನ್ನ ನಾಲಿಗೆ ತುದಿಗೆ ಬಂತು. ಕೇಳಲಿಲ್ಲ ಮಗಳೇ. ಆ ಮಾತು ಎಷ್ಟು ಚುಚ್ಚುತ್ತೆ ಅಂತ ನಂಗೊತ್ತು.”