ಸದ್ದು ಮಾಡದ ಒಲೆ

ಹೋಟೆಲಿನಲ್ಲಿ ಅವನನ್ನು ಎಲ್ಲರೂ ಕಿವಿ ಮಾಸ್ಟರ್ ಎಂದೇ ಕರೆಯುತ್ತಿದ್ದರು. ಕಿವಿ ದೊಡ್ಡದಿತ್ತೆಂದಲ್ಲ. ಎಲ್ಲರಿಗೂ ಇರುವಂಥವೇ, ಒಂದರ ತುದಿ ಮಾತ್ರ ಬಿಸಿ ಎಣ್ಣೆ ಹಾರಿ ಸ್ವಲ್ಪ ಮುದುಡಿತ್ತು. ಆದರೆ ಆ ಮನುಷ್ಯ ಕೋಳಿ ಕರಿಯುತ್ತಿದ್ದದ್ದು ಕಣ್ಣಿನಿಂದಲ್ಲ, ಕಿವಿಯಿಂದ. ತುಂಡು ಬಾಣಲೆಗೆ ಬಿದ್ದ ಕೂಡಲೇ ಎಣ್ಣೆ ಜಗಳಕ್ಕೆ ನಿಲ್ಲುತ್ತದೆ. ಮಾಂಸದೊಳಗಿನ ನೀರು ಆರುತ್ತಾ ಹೋದಂತೆ ದನಿ ಇಳಿಯುತ್ತದೆ. ಕೊನೆಗೆ ಬರೀ ಗೊಣಗಾಟ ಉಳಿದಾಗ ತೆಗೆಯಬೇಕು. ಮುಂಚೆ ತೆಗೆದರೆ ಹಸಿ, ತಡವಾದರೆ ಚಪ್ಪಲಿ. ಉಳಿದ ಅಡುಗೆಯವರು ತುಂಡನ್ನು ಚುಚ್ಚಿ, ಮುರಿದು ನೋಡುತ್ತಿದ್ದರೆ ಇವನು ಒಲೆಯ ಮುಂದೆ ತಲೆ ವಾಲಿಸಿ ನಿಂತುಬಿಡುತ್ತಿದ್ದ. ಆಗ ಯಾರಾದರೂ ಮಾತಾಡಿಸಿದರೆ ಹಿಂದಕ್ಕೆ ತಿರುಗದೆಯೇ ಕೈ ಎತ್ತಿ ತಡೆಯುತ್ತಿದ್ದ.

ಜೀವಮಾನವಿಡೀ ಮಾತಾಡಿಸಿದವರಿಗೆಲ್ಲ ಹೀಗೆ ಕೈ ಅಡ್ಡ ಹಿಡಿದರೆ ಏನಾಗುತ್ತದೆ? ಜನ ಮಾತಾಡಿಸುವುದನ್ನೇ ಬಿಡುತ್ತಾರೆ. ಅವರಿಗೇನು ತಲೆ ಕೆಟ್ಟಿದೆಯೇ?

ಮದುವೆಗೆ ಹೆಣ್ಣು ನೋಡಿದ್ದೂ ಉಂಟು. ಹುಡುಗನ ಮೈಯೆಲ್ಲ ಎಣ್ಣೆ ವಾಸನೆ ಅಂದಳಂತೆ ಆ ಹುಡುಗಿ. “ಸೋಪು ಬದಲಾಯಿಸೋ” ಎಂದಳು ಅಕ್ಕ. ಸೋಪು ಬದಲಾಯಿಸಿದ, ಹೆಣ್ಣು ಸಿಗಲಿಲ್ಲ. ಆಮೇಲೆ ಸೋಪಿನ ಗೊಡವೆಯನ್ನೂ ಬಿಟ್ಟ, ಹೆಣ್ಣಿನ ಗೊಡವೆಯನ್ನೂ ಬಿಟ್ಟ.

ಅವನಿಗೆ ತನ್ನವರು ಅಂತ ಇದ್ದದ್ದು ಆ ಅಕ್ಕ ಒಬ್ಬಳೇ. ಅಮ್ಮ ಸತ್ತಾಗ ಇವನಿನ್ನೂ ಚಡ್ಡಿ ಏರಿಸಿಕೊಳ್ಳಲು ಬಾರದ ವಯಸ್ಸಿನವನು. ಕೂಲಿಗೆ ಅಂಗಿಗಳಿಗೆ ಗುಂಡಿ ಹೊಲಿದು ಇವನನ್ನು ಸಾಕಿದವಳು ಅವಳು. ಅವಳು ಮದುವೆಯಾಗಿ ನಗರದ ಆಚೆ ತುದಿಗೆ ಹೋದ ಮೇಲೆ ಒಂದು ಪದ್ಧತಿ ಬಿತ್ತು. ಭಾನುವಾರ ಮಧ್ಯಾಹ್ನ ಹೋಟೆಲಿನಿಂದ ಇವನಿಗೆ ಬಿಡುವು, ಅಕ್ಕ ಬಸ್ಸು ಹತ್ತಿ ಬರುವಳು. ಮುಂದಿನ ಕೋಣೆಯ ಕುರ್ಚಿಯಲ್ಲಿ ಕೂರುವಳು. ಇವನು ಒಳಗೆ ಬಾಣಲೆ ಇಟ್ಟು, ಒಂದೊಂದೇ ತುಂಡು ಕರಿದು, ಬಿಸಿಬಿಸಿಯಾಗಿ ತಂದು ತಟ್ಟೆಗೆ ಹಾಕಿ, ಮತ್ತೆ ಒಳಗೆ ಓಡುವನು. ಕರಿದ ಕೋಳಿ ಕಾಯುವುದಿಲ್ಲವಲ್ಲ, ಆರಿದರೆ ಮುಗಿಯಿತು ಕಥೆ. ಅವಳ ಊಟ ಮುಗಿಯುವಾಗ ಇವನ ಕರಿಯುವುದೂ ಮುಗಿಯುವುದು. ಬಸ್ಸಿಗೆ ಹೊತ್ತಾಯಿತೆಂದು ಅವಳು ಏಳುವಳು. ಆಮೇಲೆ ಇವನು ಒಲೆಯ ಪಕ್ಕದಲ್ಲೇ ನಿಂತು ಉಳಿದದ್ದನ್ನು ತಿನ್ನುವನು.

ಹೋಟೆಲು ಮುಚ್ಚಿಹೋಗಿ ಇವನು ಮನೆಯಲ್ಲೇ ಉಳಿದ ಮೇಲೂ ಭಾನುವಾರ ತಪ್ಪಲಿಲ್ಲ. ವಾರವಿಡೀ ಆ ಎರಡು ಕೋಣೆಯ ಮನೆಯಲ್ಲಿ ಯಾರ ದನಿಯೂ ಕೇಳುತ್ತಿರಲಿಲ್ಲ. ಆ ಒಂದು ಮಧ್ಯಾಹ್ನ ಎಣ್ಣೆ ಮಾತಾಡುತ್ತಿತ್ತು, ಹೊರಗೆ ಅಕ್ಕನ ಬಳೆ ಸದ್ದಾಗುತ್ತಿತ್ತು. ಅಷ್ಟು ಸಾಕಾಗಿತ್ತು ಅವನಿಗೆ.

ಕಳೆದ ವರ್ಷ ಭಾವ ತೀರಿಕೊಂಡರು. ಆಮೇಲೆ ಕೆಲವೇ ತಿಂಗಳಿಗೆ ಅಕ್ಕನಿಗೆ ಎದೆನೋವು ಬಂದು ಆಸ್ಪತ್ರೆಗೆ ಸೇರಿಸಿದರು. ಗುಣವಾಗಿ ಮನೆಗೆ ಬಂದಳು ಅನ್ನಿ. ಆದರೆ ಅವಳ ಮಗಳು ಫೋನು ಮಾಡಿ ಹೇಳಿದ್ದು ಹೀಗೆ:

“ಮಾಮ, ಬೇಜಾರು ಮಾಡ್ಕೋಬೇಡಿ. ಅಮ್ಮ ಇನ್ಮೇಲೆ ಕರಿದಿದ್ದು ಬಾಯಿಗೆ ಹಾಕೋ ಹಾಗಿಲ್ಲ. ನಿಮ್ಮ ಮನೆಗೆ ಬಂದ್ರೆ ಗೊತ್ತಲ್ಲ…”

ಗೊತ್ತಲ್ಲ. ತಮ್ಮನ ಮನೆ ಎಂದರೆ ಎಣ್ಣೆ, ಎಣ್ಣೆ ಎಂದರೆ ತಮ್ಮ. ಭಾನುವಾರಗಳು ನಿಂತವು. ಇವನು ಫೋನು ಮಾಡಿದರೆ ಅಕ್ಕ “ಬರ್ತೀನಿ ಬಿಡೋ, ನೋಡೋಣ” ಅನ್ನುತ್ತಿದ್ದಳು. ನೋಡೋಣ ಎಂದರೆ ಏನರ್ಥ ಎಂಬುದು ಯಾರಿಗೆ ತಿಳಿಯದು? ಭಾನುವಾರ ಮಧ್ಯಾಹ್ನ ಅವನು ಕಿಟಕಿಯಿಂದ ಬಸ್‌ ಸ್ಟಾಪನ್ನು ನೋಡುತ್ತಾ ನಿಲ್ಲುತ್ತಿದ್ದ. ಆ ಹೊತ್ತಿನ ಬಸ್ಸು ಬಂದು, ಯಾರ್‍ಯಾರನ್ನೋ ಇಳಿಸಿ ಹೋಗುತ್ತಿತ್ತು. ಒಂದು ದಿನ ಬರೀ ಸದ್ದು ಕೇಳುವುದಕ್ಕೆಂದೇ ಬಾಣಲೆಗೆ ಎಣ್ಣೆ ಸುರಿದು ನಾಲ್ಕು ತುಂಡು ಕರಿದ. ಮುಂದಿನ ಕೋಣೆಗೆ ತಂದು ಕುರ್ಚಿಯ ಮುಂದೆ ನಿಂತ ಮೇಲೆ ತಟ್ಟೆ ಯಾರಿಗೆ ಎಂದು ನೆನಪಾಯಿತು. ತಟ್ಟೆ ಹಿಡಿದುಕೊಂಡೇ ಅಲ್ಲೇ ನೆಲದ ಮೇಲೆ ಕೂತುಬಿಟ್ಟ.

ಅವನು ಬೀದಿ ಕೊನೆಯ ಬೇಕರಿಯವನ ಹತ್ತಿರ ಹೋದದ್ದು ಆ ವಾರವೇ. ಬೇಕರಿಯವನು ಬಾಯಿಬಡುಕ, ಕೆಲಸದಲ್ಲಿ ಗಟ್ಟಿಗ.

“ಎಣ್ಣೆ ಇಲ್ದೆ ಕೋಳಿ ಗರಿಗರಿ ಆಗತ್ತಾ?” ಎಂದು ಕೇಳಿದ ಮಾಸ್ಟರ್, ಕಳ್ಳಮಾಲು ಕೇಳುವವನಂತೆ ದನಿ ತಗ್ಗಿಸಿ.

“ಏನ್ ಮಾಸ್ಟ್ರೇ, ನೀವು ಕೇಳೋ ಪ್ರಶ್ನೆನಾ ಇದು!” ಬೇಕರಿಯವನು ನಕ್ಕ. ಕಾರಣ ತಿಳಿದ ಮೇಲೆ ನಗು ನಿಲ್ಲಿಸಿದ. “ಆಗತ್ತೆ. ಮೊಸರಲ್ಲಿ ಶುಂಠಿ, ಬೆಳ್ಳುಳ್ಳಿ, ಮೆಣಸು ಹಾಕಿ ನೆನೆಸಿಡಿ. ಆಮೇಲೆ ಒರೆಸಿ, ಮೊಟ್ಟೆ ಬಿಳೀಲಿ ಅದ್ದಿ, ಬಾದಾಮಿ, ಕಡ್ಲೇಕಾಯಿ ಬೀಜ ಪುಡಿ ಮಾಡಿ ಮೆತ್ತಿ, ಓವನ್ನಲ್ಲಿಡಿ. ಬೀಜದಲ್ಲೇ ಬೇಕಾದಷ್ಟು ಎಣ್ಣೆ ಇರತ್ತಲ್ಲ, ಅದೇ ಗರಿ ಮಾಡತ್ತೆ.” ಗೋದಾಮಿನಲ್ಲಿ ಮೂಲೆ ಹಿಡಿದಿದ್ದ ಸಣ್ಣ ಹಳೇ ಓವನ್ನನ್ನು ಒರೆಸಿ ತಾನೇ ಹೊತ್ತು ತಂದು ಕೊಟ್ಟ. ಕೊಡುವಾಗ “ಹಾಳಾದ್ರೆ ನನಗೆ ಹೇಳ್ಬೇಡಿ” ಎಂದ.

ಮೊದಲ ಸಲ ಮಾಸ್ಟರ್ ಬೀಜಗಳನ್ನು ಮಿಕ್ಸಿಯಲ್ಲಿ ಹಾಕಿ ನುಣ್ಣಗೆ ತಿರುವಿದ. ಅವು ಎಣ್ಣೆ ಬಿಟ್ಟು ಮುದ್ದೆಯಾಗಿ ಕೋಳಿಗೆ ಕೆಸರು ಬಳಿದಂತಾಯಿತು. ಎರಡನೆಯ ಸಲ ಹುಷಾರಾಗಿ, ಒರಳಿನಲ್ಲಿ ತರಿತರಿಯಾಗಿ ಕುಟ್ಟಿದ. ಒಳ್ಳೇ ಅಂಗಿ ತೊಟ್ಟ ಮದುಮಗನಂತೆ ತುಂಡುಗಳು ಓವನ್ನಿನೊಳಗೆ ಹೋದವು. ಬಾಗಿಲು ಮುಚ್ಚಿ ಅವನು ತಲೆ ವಾಲಿಸಿ ನಿಂತ.

ಏನೂ ಕೇಳಲಿಲ್ಲ.

ಗಾಜಿಗೆ ಕಿವಿ ಒತ್ತಿದ, ಕಿವಿ ಸುಟ್ಟಿತು. ಬಾಗಿಲು ತೆಗೆದು ಕಿವಿಗೊಟ್ಟ. ಎಲ್ಲೋ ಒಂದು ಸಣ್ಣ ಸರಸರ. ಮುಚ್ಚಿದ. ಮತ್ತೆ ಅನುಮಾನ, ಮತ್ತೆ ತೆಗೆದ. ಅಷ್ಟು ವರ್ಷ ಒಲೆಯೇ ಎಲ್ಲವನ್ನೂ ಹೇಳುತ್ತಿತ್ತು. ಇದೋ, ಮುನಿಸಿಕೊಂಡವರಂತೆ ಬಾಯಿ ಬಿಡುವುದಿಲ್ಲ. ಕೊನೆಗೆ ಹೊರಬಂದ ಕೋಳಿ ಬೆಂದಿತ್ತು, ಆದರೆ ಮೇಲಿನ ಬೀಜ ನೆನೆದ ರಟ್ಟಿನಂತೆ ಮೆತ್ತಗಿತ್ತು. ಮೂರನೆಯ ಸಲವೂ ಅದೇ ಹಾಡು. ವಾರವಿಡೀ ಆ ಮೆತ್ತನೆಯ ಕೋಳಿಯನ್ನು ಒಬ್ಬನೇ ತಿಂದ. ಈ ಓವನ್ನೇ ದರಿದ್ರದ್ದು ಎಂದು ಬೈದ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ!

ಬೇಕರಿಯವನು ಬಂದು ಒಂದು ತುಂಡು ಮುರಿದು ನೋಡಿ ಕೇಳಿದ, “ನಡುವೆ ಬಾಗಿಲು ತೆಗೆದ್ರಾ?”

“ಆಗಾಗ. ಕೇಳೋಕೆ.”

“ಏನು ಕೇಳೋಕೆ?”

ಮಾಸ್ಟರ್ ಓವನ್ನಿನ ಕಡೆ ತಲೆ ವಾಲಿಸಿ ತೋರಿಸಿದ. ಬೇಕರಿಯವನಿಗೆ ಅರ್ಥವಾಯಿತು. ಹಣೆ ಚಚ್ಚಿಕೊಂಡ.

“ಅಯ್ಯೋ ನಿಮ್ಮ! ಮಗು ಮಲಗಿದೆಯಾ ಅಂತ ನಿಮಿಷಕ್ಕೊಂದು ಸಲ ಎಬ್ಬಿಸಿ ಕೇಳಿದ್ರೆ ಅದು ಹೆಂಗ್ರೀ ಮಲಗತ್ತೆ? ಕಾವೆಲ್ಲ ಹೊರಗೆ ಹೋಗತ್ತೆ. ತುಂಡುಗಳನ್ನ ಜಾಲರಿ ಮೇಲಿಡಿ, ಬಾಗಿಲು ಹಾಕಿ, ಟೈಮರ್ ಗಂಟೆ ತಿರುಗಿಸಿ. ಆಮೇಲೆ ಅಡುಗೆಮನೆಯಿಂದ ಎದ್ದು ಹೋಗಿ. ಅದು ಕರೆಯೋವರೆಗೂ ಒಳಗೆ ಕಾಲಿಡಬೇಡಿ.”

“ಎಲ್ಲಿಗೆ ಹೋಗ್ಲಿ?”

“ಎಲ್ಲಾದ್ರೂ ಕೂತ್ಕೊಳ್ಳಿ ಮಾರಾಯ್ರೇ!”

ಮುಂದಿನ ಸಲ ಮಾಸ್ಟರ್ ಬಾಗಿಲು ಹಾಕಿ ಬೀದಿಗೇ ಇಳಿದುಬಿಟ್ಟ. ಕಂಬದ ಕೆಳಗೆ ನಿಂತು, ಮಗುವನ್ನು ಮೊದಲ ದಿನ ಶಾಲೆಗೆ ಬಿಟ್ಟು ಬಂದ ತಾಯಿಯಂತೆ ಮಹಡಿಯ ಕಿಟಕಿಯನ್ನೇ ನೋಡಿದ. ಹಿಂದಿರುಗಿ ಬಂದಾಗ ಕೋಳಿ ಹೊಂಬಣ್ಣಕ್ಕೆ ತಿರುಗಿತ್ತು. ಕಚ್ಚಿದಾಗ ಕರಂ ಎಂದಿತು. ತನಗೆ ತಾನೇ “ಶಭಾಷ್” ಅಂದುಕೊಂಡು, ಬಾಯಲ್ಲಿದ್ದದ್ದನ್ನು ನುಂಗುವ ಮೊದಲೇ ಅಕ್ಕನಿಗೆ ಫೋನು ಮಾಡಿದ.

“ಅಕ್ಕ, ಎಣ್ಣೆ ಒಂದು ತೊಟ್ಟೂ ಇಲ್ಲ. ಆಣೆ. ಈ ಭಾನುವಾರ ಬಾ.”

ಆ ಕಡೆ ಅಕ್ಕನ ಬಳೆ ಸದ್ದಾಯಿತು. ಆಮೇಲೆ, “ಸರಿ, ಇದೊಂದ್ಸಲ ಬರ್ತೀನಿ” ಎಂದಳು.

ಇದೊಂದ್ಸಲ ಎಂಬ ಮಾತು ಮುಳ್ಳಿನ ಹಾಗೆ ಚುಚ್ಚಿಕೊಂಡಿತು. ಈ ಕೋಳಿ ಕೆಟ್ಟರೆ ಅಕ್ಕ ಮತ್ತೆ ಬರುವುದಿಲ್ಲ ಎಂದೇ ಅವನು ನಂಬಿದ.

ಭಾನುವಾರ ಅಕ್ಕ ಬಂದಳು. ಸೊರಗಿದ್ದಳು, ಮೆಟ್ಟಿಲು ಹತ್ತಿ ಬಂದು ಕುರ್ಚಿಯಲ್ಲಿ ಕೂತು ಉಸಿರು ಹಿಡಿದುಕೊಂಡಳು. ಮಾಸ್ಟರ್ ಒಳಗೆ ಹೋಗಿ, ತುಂಡುಗಳನ್ನು ಜಾಲರಿಯ ಮೇಲೆ ಜೋಡಿಸಿ, ಬಾಗಿಲು ಹಾಕಿ, ಗಂಟೆ ತಿರುಗಿಸಿದ. ಅಡುಗೆಮನೆಯಲ್ಲಿ ನಿಲ್ಲುವಂತಿಲ್ಲ. ಅಕ್ಕ ಬಂದಿರುವಾಗ ಬೀದಿಗೆ ಹೋಗುವಂತೆಯೂ ಇಲ್ಲ. ಮುಂದಿನ ಕೋಣೆಗೆ ಬಂದ. ಬಂದ ಮೇಲೆ ಗೊತ್ತಾಯಿತು, ಆ ಕೋಣೆಯಲ್ಲಿ ಇದ್ದದ್ದು ಒಂದೇ ಕುರ್ಚಿ. ಇಷ್ಟು ವರ್ಷದಲ್ಲಿ ಇನ್ನೊಂದು ಬೇಕು ಅಂತ ಒಂದು ದಿನವೂ ಅನಿಸಿರಲಿಲ್ಲ. ಖಾಲಿ ಎಣ್ಣೆ ಡಬ್ಬ ತಂದು ಬೋರಲು ಹಾಕಿ, ಅಕ್ಕನ ಎದುರಿಗೆ ಕೂತ.

“ಏನೋ ಇದು, ಕೂತ್ಕೊಂಡ್ಬಿಟ್ಟೆ?” ಅಕ್ಕನಿಗೆ ಗಾಬರಿ. “ಹುಷಾರಿಲ್ವಾ?”

“ಅದು ತಾನೇ ಬೇಯತ್ತೆ. ಅರ್ಧ ಗಂಟೆ.”

ಅರ್ಧ ಗಂಟೆ! ಇಬ್ಬರೂ ನೆಲ ನೋಡಿದರು, ಗೋಡೆ ನೋಡಿದರು. ಕೊನೆಗೆ ಬೇರೆ ದಾರಿಯಿಲ್ಲದೆ ಒಬ್ಬರನ್ನೊಬ್ಬರು ನೋಡಿದರು.

“ನಿನ್ನ ತಲೆ ಯಾವಾಗ ಇಷ್ಟು ಬೆಳ್ಳಗಾಯ್ತೋ?” ಎಂದಳು ಅಕ್ಕ. “ಹಿಂದುಗಡೆ ಇನ್ನೂ ಕಪ್ಪಿದೆ. ನಾನು ನೋಡಿದ್ದೆಲ್ಲ ಅದನ್ನೇ.”

ಮಾಸ್ಟರ್ ತಲೆ ಸವರಿಕೊಂಡ. ನಗಬೇಕೋ ಬೇಡವೋ ತಿಳಿಯಲಿಲ್ಲ. “ಡಾಕ್ಟ್ರಿಗೆ ಹೇಳು, ಇದು ಕರಿದಿದ್ದಲ್ಲ ಅಂತ. ಇನ್ಮೇಲೆ ವಾರವಾರ ಬರಬಹುದು ನೀನು” ಎಂದ.

“ಡಾಕ್ಟ್ರು ಎಣ್ಣೆ ಬೇಡ ಅಂದ್ರು ಕಣೋ. ತಮ್ಮನ ಮನೆಗೆ ಹೋಗ್ಬೇಡ ಅಂತ ಎಲ್ಲಿ ಅಂದ್ರು?”

“ಮತ್ತೆ?”

ಅಕ್ಕ ಬಳೆಗಳನ್ನು ಮೇಲೆ ಕೆಳಗೆ ಸರಿಸಿದಳು. “ನಿಮ್ಮ ಭಾವ ಹೋದ ಮೇಲೆ ಮೊದಲ್ನೇ ಸಲ ಬಂದೆನಲ್ಲ, ನೆನಪಿದ್ಯಾ? ಏನಾದ್ರೂ ಕೇಳ್ತಾನೆ ಅಂದ್ಕೊಂಡೆ. ನಾನೇ ಬಾಗಿಲ ಹತ್ರ ಬಂದು ಮಾತು ತೆಗೆದ್ರೆ ನೀನು ಹಿಂದೆ ತಿರುಗ್ದೆ ಕೈ ಎತ್ತಿದೆ. ಆಮೇಲೆ ತಟ್ಟೆಗೆ ಎರಡು ತುಂಡು ಜಾಸ್ತಿ ಹಾಕಿದೆ.”

“ಆ ಎರಡು ತುಂಡೇ ನಾನು ಕೇಳಿದ್ದು, ಅಕ್ಕ.” ಅವನ ದನಿ ಒಡೆಯಿತು. “ನನಗೆ ಬೇರೆ ಥರ ಬರಲ್ಲ.”

“ಗೊತ್ತು ಕಣೋ. ಸಾಕಿದವಳಿಗೆ ಗೊತ್ತಾಗಲ್ವಾ? ಗೊತ್ತಿದ್ದೇ ತಿಂದೆ. ಆದ್ರೆ ಅವತ್ತು ಬಸ್ಸಲ್ಲಿ ಹೊಟ್ಟೆ ತುಂಬಿಸ್ಕೊಂಡು ಅಳ್ತಾ ಹೋದೆ. ಅಲ್ಲಿ ಮಗಳ ಮನೇಲಿ ಎಲ್ರೂ ಇದ್ದಾರೆ, ಎಲ್ರಿಗೂ ಅವರವರ ಕೆಲ್ಸ. ಇಲ್ಲಿಗೆ ಬಂದ್ರೆ ನಿನ್ನ ಬೆನ್ನು. ಅದಕ್ಕೆ ಡಾಕ್ಟ್ರ ಹೆಸ್ರು ಹೇಳ್ಕೊಂಡು ಮನೇಲೇ ಬಿದ್ಕೊಂಡೆ.”

ಊಟ ಬಲ್ಲವನಿಗೆ ರೋಗವಿಲ್ಲ, ಮಾತು ಬಲ್ಲವನಿಗೆ ಜಗಳವಿಲ್ಲ ಅನ್ನುತ್ತಾರೆ. ಇಬ್ಬರ ನಡುವೆ ಎಂದೂ ಜಗಳವಿರಲಿಲ್ಲ, ಮಾತೂ ಇರಲಿಲ್ಲ. ಮಾಸ್ಟರ್ ತನ್ನ ಸುಟ್ಟ ಕಲೆಗಳ ಕೈಗಳನ್ನು ಮೊಣಕಾಲ ಮೇಲಿಟ್ಟುಕೊಂಡ. ಕೇಳಬೇಕೆಂದರೆ ಏನು ಕೇಳಬೇಕು, ಎಲ್ಲಿಂದ ಶುರು ಮಾಡಬೇಕು, ಒಂದೂ ಗೊತ್ತಿರಲಿಲ್ಲ. ಕೊನೆಗೆ ತಲೆ ಒಂದು ಕಡೆ ವಾಲಿಸಿ ಕೇಳಿದ:

“ರಾತ್ರಿ ನಿದ್ದೆ ಬರತ್ತಾ ಅಕ್ಕ?”

ಒಳಗೆ ಓವನ್ನು ಟಿಣ್ ಎಂದು ಕರೆಯಿತು. ಅವನ ಕಾಲುಗಳು ಅಭ್ಯಾಸಬಲದಿಂದ ಅರ್ಧ ಎದ್ದವು. ಅಕ್ಕ ಅವನನ್ನೇ ನೋಡುತ್ತಿದ್ದಳು, ಬಾಯಿಗೆ ಬಂದ ಮಾತನ್ನು ಹಿಡಿದುಕೊಂಡು. ಅವನು ಮತ್ತೆ ಡಬ್ಬದ ಮೇಲೆ ಕೂತ.

“ಇಲ್ಲ ಕಣೋ” ಎಂದಳು ಅಕ್ಕ. “ಆ ಕಡೆ ಹಾಸಿಗೆ ಖಾಲಿ ಅಲ್ವಾ, ಕೈ ಚಾಚಿದ್ರೆ ಎಚ್ಚರ ಆಗ್ಬಿಡತ್ತೆ.” ಅಲ್ಲಿಂದ ಶುರುವಾದ ಮಾತು ಭಾವನ ಕೊನೆಯ ದಿನಗಳಿಗೆ ಹೋಯಿತು, ಆಸ್ಪತ್ರೆಗೆ ಹೋಯಿತು, ಎಂದೋ ಸತ್ತ ಅಮ್ಮನವರೆಗೂ ಹೋಯಿತು. ಮಾಸ್ಟರ್ “ಹೂಂ” ಅನ್ನುವುದನ್ನು ಬಿಟ್ಟರೆ ಹೆಚ್ಚೇನೂ ಆಡಲಿಲ್ಲ. ಕೈಯನ್ನಂತೂ ಒಮ್ಮೆಯೂ ಎತ್ತಲಿಲ್ಲ. ಬಾದಾಮಿ ಸೀಯುವ ವಾಸನೆ ಬಂದಾಗ ಮೂಗು ಅರಳಿಸಿ ಮೊದಲು ಎದ್ದವಳು ಅಕ್ಕನೇ.

ಕಾವು ಆರದ ಓವನ್ನಿನಲ್ಲೇ ಉಳಿದು ತುಂಡುಗಳ ಅಂಚು ಕಪ್ಪಾಗಿತ್ತು. ಕಪ್ಪನ್ನು ಕೆರೆದು ಹಾಕಿ, ಮುಂದಿನ ಕೋಣೆಯಲ್ಲಿ ಎರಡು ತಟ್ಟೆ ಇಟ್ಟುಕೊಂಡು ಇಬ್ಬರೂ ತಿಂದರು. ಮಾಸ್ಟರಿಗೆ ಕೂತು ತಿನ್ನುವುದು ಸರಿಯಾಗಿ ಬರಲಿಲ್ಲ, ತಟ್ಟೆಯನ್ನು ಎಲ್ಲಿಡಬೇಕೆಂದೇ ತಿಳಿಯದೆ ತೊಡೆ ಸುಟ್ಟುಕೊಂಡ.

“ಕಹಿ ಆಯ್ತಲ್ವಾ?” ಎಂದು ಹೆದರಿ ಕೇಳಿದ.

“ಆಗಿದೆ” ಎಂದಳು ಅಕ್ಕ, ಇನ್ನೊಂದು ತುಂಡಿಗೆ ಕೈ ಹಾಕುತ್ತಾ. “ಮುಂದಿನ ವಾರ ಬರೋಷ್ಟರಲ್ಲಿ ಒಂದು ಕುರ್ಚಿ ತಂದಿಡು. ಆ ಡಬ್ಬದ ಮೇಲೆ ಎಷ್ಟು ಹೊತ್ತು ಅಂತ ಕೂರ್ತೀಯ?”